ಇಂಡೋನೇಷ್ಯಾದವ್ರು ಆನ್‌ಲೈನಲ್ಲಿ ಪರ್ಫ್ಯೂಮ್ ಬಗ್ಗೆ ಯಾಕೆ ಅಷ್ಟೊಂದು ಮಾತಾಡ್ತಾರೆ?

ಮೊದ್ಲು ಹವೆ ಕಣ್ರೀ, ಜಕಾರ್ತಾದಲ್ಲಿ ವರ್ಷಪೂರ್ತಿ ಸೆಕೆ, ಬೆವರು, ದಿನಕ್ಕೆ ಎರಡು ಸಲ ಸ್ನಾನ ಅಲ್ಲಿ ಮಾಮೂಲಿ, ಸ್ನಾನ ಆದ್ಮೇಲೆ ಸೆಂಟು. ಬೀದಿ ಅಂಗಡೀಲಿ ಫಾರಿನ್ ಬ್ರ್ಯಾಂಡ್‌ಗಳ ನಕಲು ವಾಸನೇನ ಮಿಲಿ ಲೆಕ್ಕದಲ್ಲಿ ಬಾಟ್ಲಿಗೆ ತುಂಬಿಸ್ಕೊಳ್ಳೋದು ಹಳೇ ಪದ್ಧತಿ, ಈಗ್ಲೂ ಇದೆ ಬಿಡಿ. ಆದ್ರೆ ಎಚ್‌ಎಂಎನ್‌ಎಸ್, ಮೈಕೊನೋಸ್ ಥರದ ಲೋಕಲ್ ಬ್ರ್ಯಾಂಡ್ ಬಂದ್ಮೇಲೆ ಟಿಕ್‌ಟಾಕ್ ರಿವ್ಯೂ ನೋಡಿ, ಮೂಸಿ ಕೂಡ ನೋಡ್ದೆ ಶಾಪೀ ಅನ್ನೋ ಶಾಪಿಂಗ್ ಆ್ಯಪಲ್ಲಿ ಆರ್ಡರ್ ಹಾಕೋರು ಜಾಸ್ತಿ ಆದ್ರು, ಅದಕ್ಕೇ ಬಿಸಿಲಲ್ಲಿ ಬೈಕ್ ಓಡಿಸಿದ್ಮೇಲೂ ವಾಸನೆ ನಿಲ್ಲುತ್ತಾ ಅನ್ನೋದೇ ದೊಡ್ಡ ಪ್ರಶ್ನೆ. ಆಲ್ಕೋಹಾಲ್ ಇರೋ ಸೆಂಟು ಹಾಕ್ಕೊಂಡು ನಮಾಜ್ ಮಾಡ್ಬಹುದಾ ಅನ್ನೋ ಚರ್ಚೆನೂ ಇದ್ದಿದ್ದೇ, ಅಲ್ಲಿನ 2014ರ ಹಲಾಲ್ ಕಾಯ್ದೆ ಕಾಸ್ಮೆಟಿಕ್ಸ್‌ಗೂ ಅನ್ವಯ ಆಗುತ್ತೆ. ತಮಾಷೆ ಅಂದ್ರೆ ಪಚೋಲಿ ಅನ್ನೋ ಪರಿಮಳದ ಗಿಡದ ಎಣ್ಣೆಯಲ್ಲಿ ಜಗತ್ತಿಗೇ ನಂಬರ್ ಒನ್ ಇವ್ರೇ, ಸುಲವೇಸಿ ದ್ವೀಪದಲ್ಲಿ, ಸುಮಾತ್ರಾದ ಆಚೆ (Aceh) ಪ್ರಾಂತ್ಯದಲ್ಲಿ ಬೆಳೀತಾರೆ, ಎಷ್ಟೋ ಫ್ರೆಂಚ್ ಸೆಂಟಿಗೆ ಅದೇ ಬೇಕು.