ವಕೀಲರನ್ನು ಕೇಳಿ: ಮನಿ ಮಂದಿಯ ಸಾಕ್ಷಿ ಹೈಕೋರ್ಟಿನಲ್ಲಿ ನಿಲ್ಲುತ್ತದೆಯೇ?

ಪ್ರಶ್ನೆ: ವಕೀಲ ಸಾಹೇಬರಿಗೆ ನಮಸ್ಕಾರ. ಹೊಲದ ಬದುವಿನ ಜಗಳದಲ್ಲಿ ನಮ್ಮ ಕಾಕಾನ ಕೊಲೆಯಾಯಿತು. ಕಣ್ಣಾರೆ ಕಂಡವರು ಚಿಗವ್ವ ಮತ್ತು ನಾನು, ಇಬ್ಬರೇ. ಊರವರು ಯಾರೂ ಬಾಯಿ ಬಿಡಲಿಲ್ಲ. ಜಿಲ್ಲಾ ಕೋರ್ಟಿನಲ್ಲಿ ಮೂವರಿಗೆ ಜೀವಾವಧಿ ಶಿಕ್ಷೆಯಾಗಿದೆ. ಅವರೀಗ ಕಲಬುರಗಿ ಪೀಠಕ್ಕೆ ಅಪೀಲು ಹಾಕಿದ್ದಾರೆ. ‘ಮನಿ ಮಂದಿ ಸಾಕ್ಷಿ ಹೈಕೋರ್ಟಿನ್ಯಾಗ ನಡಿಯಂಗಿಲ್ಲ, ಬಿಡುಗಡಿ ಆಗಿ ಬರ್ತಾರ ನೋಡು’ ಎಂದು ಚಹಾದಂಗಡಿಯಲ್ಲಿ ನನಗೆ ಕೇಳುವಂತೆಯೇ ಆಡಿಕೊಳ್ಳುತ್ತಾರೆ. ನಿಜವೇ? ಚಿಗವ್ವ ಮತ್ತೆ ಸಾಕ್ಷಿ ಹೇಳಬೇಕೇ?
– ಹೆಸರು ಬೇಡ, ಶಹಾಪುರ ತಾಲ್ಲೂಕು

ಉತ್ತರ: ಮೊದಲು ಚಿಗವ್ವನಿಗೆ ಧೈರ್ಯ ಹೇಳಿ. ಅಪೀಲಿನಲ್ಲಿ ಸಾಮಾನ್ಯವಾಗಿ ಸಾಕ್ಷಿಗಳನ್ನು ಮತ್ತೆ ಕಟಕಟೆ ಹತ್ತಿಸುವುದಿಲ್ಲ. ಕೆಳಗಿನ ಕೋರ್ಟಿನಲ್ಲಿ ಆಕೆ ಹೇಳಿದ್ದು ಟೈಪಾಗಿ ಬಂದಿರುತ್ತದೆ. ಇಬ್ಬರು ನ್ಯಾಯಮೂರ್ತಿಗಳು ಕೂತು ಅದನ್ನು ಸಾಲು ಬಿಡದೆ ಓದುತ್ತಾರೆ. 2008ಕ್ಕೆ ಮೊದಲಾಗಿದ್ದರೆ ಆ ಹಾಳೆಗಳ ಹಿಂದೆ ನಾವೂ ರಾತ್ರಿ ರೈಲು ಹತ್ತಿ ಬೆಂಗಳೂರಿಗೆ ಹೋಗಬೇಕಿತ್ತು. ಈಗ ಪೀಠ ಇಲ್ಲೇ ಇದೆ, 2013ರಿಂದ ಕಾಯಂ ಆಗಿ.

ಇನ್ನು ಚಹಾದಂಗಡಿಯ ಕಾನೂನು. ಅದನ್ನು ನಾನು ವಕೀಲಿ ಶುರು ಮಾಡಿದಾಗಿನಿಂದ ಕೇಳುತ್ತಿದ್ದೇನೆ. 1953ರಲ್ಲೇ ದಲೀಪ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ವಿವಿಯನ್ ಬೋಸ್ ಅದನ್ನು ಒಪ್ಪಲಿಲ್ಲ. ತನ್ನವರನ್ನು ಕೊಂದವನನ್ನು ಬಚಾವು ಮಾಡಿ ಇನ್ಯಾರನ್ನೋ ಸಿಕ್ಕಿಸುವ ಕೆಲಸವನ್ನು ರಕ್ತಸಂಬಂಧಿ ಸಾಮಾನ್ಯವಾಗಿ ಮಾಡಲಾರ ಎಂದರು. 1981ರ ಕಲ್ಕಿ ಪ್ರಕರಣದಲ್ಲಿ ಇನ್ನೂ ಬಿಡಿಸಿ ಹೇಳಲಾಯಿತು: ಸತ್ತವನ ಹೆಂಡತಿ ‘ಸಂಬಂಧಿ’ ಹೌದು, ಅಷ್ಟಕ್ಕೇ ‘ಹಿತಾಸಕ್ತ’ ಸಾಕ್ಷಿಯಾಗುವುದಿಲ್ಲ. ಖಟ್ಲೆಯ ಫಲದಲ್ಲಿ ಲಾಭವಿದ್ದವರು ಹಿತಾಸಕ್ತರು. ಇಂತಿಷ್ಟೇ ಸಾಕ್ಷಿಗಳು ಬೇಕೆಂಬ ಲೆಕ್ಕವೂ ಕಾನೂನಿನಲ್ಲಿಲ್ಲ. ಹಳೇ ಸಾಕ್ಷ್ಯ ಕಾಯ್ದೆಯ 134ನೇ ಕಲಮಿನಲ್ಲಿದ್ದ ಈ ಮಾತು ಅದರ ಜಾಗಕ್ಕೆ ಬಂದ ಹೊಸ ಭಾರತೀಯ ಸಾಕ್ಷ್ಯ ಅಧಿನಿಯಮದ 139ರಲ್ಲೂ ಇದೆ.

ಆದರೆ ಬೋಸ್ ಅದರ ಜೊತೆಗೇ ಇನ್ನೊಂದು ಮಾತು ಹೇಳಿದ್ದರು, ಅದು ಮನಿ ಮಂದಿಯ ಕಿವಿಗೆ ಬೀಳುವುದಿಲ್ಲ. ಹಗೆ ಕುದಿಯುವಾಗ ಕೊಂದವನ ಜೊತೆ ತಮಗಾಗದ ನಿರಪರಾಧಿಯ ಹೆಸರನ್ನೂ ಸೇರಿಸುವ ಚಾಳಿ ಇರುತ್ತದೆ ಎಂದು.

ಬಹಳ ವರ್ಷದ ಹಿಂದೆ ಸುರಪುರ ಕಡೆಯ ಖಟ್ಲೆಯೊಂದರಲ್ಲಿ ನಾನು ಐವರು ಆರೋಪಿಗಳ ಪರ ನಿಂತಿದ್ದೆ. ಕಟಕಟೆಯಲ್ಲಿ ಸತ್ತವನ ತಾಯಿ, ತಲೆ ಮೇಲೆ ಸೆರಗು. ಪಾಟೀಸವಾಲಿನಲ್ಲಿ ನಾನು ಭಾರೀ ಜಾಣನಂತೆ ಕೇಳಿದೆ: ‘ಅಷ್ಟೊತ್ತಿನ್ಯಾಗ ಹೊಲದಾಗ ನಿನಗೇನು ಕೆಲಸ ಇತ್ತವ್ವ?’ ಆಕೆ ನನ್ನ ಮುಖವನ್ನೇ ನೋಡಿ, ‘ಬುತ್ತಿ ಒಯ್ದಿದ್ದೆನ್ರೀ. ರೊಟ್ಟಿ, ಪುಂಡಿಪಲ್ಯ. ಗಂಟು ಬಿಚ್ಚಲೇ ಇಲ್ರೀ ನನ ಮಗ’ ಅಂದಳು. ಸರಕಾರಿ ವಕೀಲರು ತಡಮಾಡದೆ ಪಂಚನಾಮೆ ತೆಗೆದು ಜಡ್ಜ್ ಸಾಹೇಬರ ಮುಂದಿಟ್ಟರು. ಶವದಿಂದ ಹತ್ತು ಹೆಜ್ಜೆಯಲ್ಲಿ, ಬೇವಿನ ಗಿಡದ ಬುಡಕ್ಕೆ, ಬಿಚ್ಚದ ಬುತ್ತಿ ಗಂಟು. ಆಕೆ ಅಲ್ಲಿದ್ದಳೆಂಬುದನ್ನು ನಾನೇ ಕೇಳಿ ಗಟ್ಟಿ ಮಾಡಿಕೊಟ್ಟಿದ್ದೆ.

ನಮಗೆ ಉಪಕಾರ ಮಾಡಿದವನು ಆಕೆಯ ಕಿರಿಮಗ. ತಾಯಿ ಮೊದಲ ದಿನದಿಂದ ಎರಡೇ ಹೆಸರು ಹೇಳಿದ್ದಳು. ಇವನು ಹನ್ನೆರಡು ದಿನ ಬಿಟ್ಟು ಪೊಲೀಸರಿಗೆ ಹೇಳಿಕೆ ಕೊಟ್ಟ, ಅದರಲ್ಲಿ ಐದು. ಅಣ್ಣನನ್ನು ತೊಡೆ ಮೇಲೆ ಮಲಗಿಸಿಕೊಂಡೆ ಎಂದ. ‘ಹಾಂಗಾದ್ರ ನಿನ್ನ ಧೋತ್ರಕ್ಕ ರಕ್ತ ಹತ್ತಲಿಲ್ಲೇನು?’ ಎಂದರೆ ಉತ್ತರವಿಲ್ಲ. ಪೊಲೀಸರು ಅಂಥ ಬಟ್ಟೆ ಜಪ್ತಿ ಮಾಡಿರಲೇ ಇಲ್ಲ. ತಾಯಿ ಹೇಳಿದ ಇಬ್ಬರಿಗೆ ಶಿಕ್ಷೆಯಾಯಿತು, ಮಗ ಸೇರಿಸಿದ ಮೂವರು ಮನೆಗೆ ಹೋದರು. ಇಬ್ಬರೂ ಒಂದೇ ಮನೆಯವರು, ಒಂದೇ ರಕ್ತ, ನೆನಪಿಡಿ.

ಒಂದು ಸುಳ್ಳು ಸಿಕ್ಕಿತೆಂದು ಪೂರ್ತಿ ಸಾಕ್ಷಿ ಸುಳ್ಳು ಎನ್ನುವ ನಿಯಮ ನಮ್ಮ ಕೋರ್ಟುಗಳಲ್ಲಿಲ್ಲ. ರಾಶಿ ತೂರಿದಂತೆ ತೂರಿ ಕಾಳು ಉಳಿಸಿಕೊಳ್ಳುತ್ತಾರೆ. ಬೇರೆ ಮಾಡಲಾಗದಷ್ಟು ಹೊಟ್ಟು ಬೆರೆತಿದ್ದರೆ ಮಾತ್ರ ರಾಶಿಯನ್ನೇ ಕೈಬಿಡುತ್ತಾರೆ.

ಕಲಬುರಗಿಯಲ್ಲಿ ನಿಮ್ಮ ಹಾಳೆಗಳನ್ನು ಓದುವವರಿಗೆ ಚಿಗವ್ವನ ಕಣ್ಣೀರು ಕಾಣುವುದಿಲ್ಲ, ತಾರೀಖು ಮತ್ತು ತಾಸು ಕಾಣುತ್ತವೆ. ಘಟನೆಯಾಗಿ ಎಷ್ಟು ತಾಸಿಗೆ ಫಿರ್ಯಾದಿ ಬಿತ್ತು? ಕೊಡಲಿ ಎಂದು ನೀವು ಹೇಳಿದ ಕಡೆ ಡಾಕ್ಟರರೂ ಕೊಡಲಿ ಏಟನ್ನೇ ಬರೆದಿದ್ದಾರೆಯೇ? ನೀವಿಬ್ಬರೂ ಆ ಹೊತ್ತಿಗೆ ಹೊಲದಲ್ಲಿ ಯಾಕಿದ್ದಿರಿ? ಇವನ್ನು ಈಗ ತಿದ್ದಲಾಗದು, ತಿದ್ದಲು ಹೋಗಲೂ ಬೇಡಿ. ಊರ ಹಿರಿಯರು ರಾಜಿ ಪತ್ರ ಹಿಡಿದು ಬಂದರೆ ಹೆಬ್ಬೆಟ್ಟು ಒತ್ತಬೇಡಿ. ಕೊಲೆ ಖಟ್ಲೆಗೆ ರಾಜಿ ಇಲ್ಲ. ಬೇಕಿದ್ದರೆ ಸರಕಾರಿ ವಕೀಲರಿಗೆ ನೆರವಾಗಲು ನಿಮ್ಮ ಕಡೆಯಿಂದ ಒಬ್ಬ ವಕೀಲರನ್ನು ಇಟ್ಟುಕೊಳ್ಳಿ.

ಇಷ್ಟುದ್ದದ ಪತ್ರದಲ್ಲಿ ಒಂದನ್ನು ನೀವು ಬರೆದಿಲ್ಲ. ಮೊದಲ ದಿನದ ಫಿರ್ಯಾದಿಯಲ್ಲಿ ಮೂರು ಹೆಸರೂ ಇದ್ದವೇ? ಅದರ ನಕಲು ಪ್ರತಿ ಕಳಿಸಿ, ಆಮೇಲೆ ಮಾತಾಡೋಣ.