ಲಾವಾ ಮೇಲೆಯೇ ರೂಮ್ ಮಾಡಿದ್ದೀಯ, ತಮ್ಮಾ

ತಮ್ಮಾ, ನಿನ್ನ ಮೆಸೇಜು ಓದಿದೆ. ಕುಮಟಾದಿಂದ ಪುಣೆಗೆ ಹೊಸದಾಗಿ ಬಂದಿದ್ದೀಯ, ಗೇಮ್ ಕಂಪನಿಯಲ್ಲಿ ಚಿತ್ರ ಬಿಡಿಸೋ ಕೆಲಸ, ಇಲ್ಲಿ ಬದುಕು ಹೇಗಣ್ಣಾ ಅಂತ ಕೇಳಿದ್ದೀಯ. ಜೊತೆಗೆ ಇನ್ನೊಂದು ಪ್ರಶ್ನೆ: ಜ್ವಾಲಾಮುಖಿ ಸುಟ್ಟು ಬರಡಾದ ಒಂದು ಕಲ್ಪನೆಯ ನಾಡು ಬಿಡಿಸಬೇಕಂತೆ, ಅಲ್ಲಿ ಯಾವ ಜೀವ ಇಡಲಿ ಅಂತ.

ಮೊದಲನೆಯದನ್ನು ಬೇಗ ಮುಗಿಸುತ್ತೇನೆ. ಬಾಡಿಗೆ ಸ್ವಲ್ಪ ಜಾಸ್ತಿಯಾದರೂ ಆಫೀಸಿನ ಹತ್ತಿರವೇ ಇರು, ಇಲ್ಲಿಯ ಟ್ರಾಫಿಕ್‌ನಲ್ಲಿ ಅರ್ಧ ಆಯಸ್ಸು ಹೋಗುತ್ತದೆ. ಮರಾಠಿ ತಪ್ಪುತಪ್ಪಾದರೂ ಮಾತಾಡು, ಯಾರೂ ಬೈಯೋದಿಲ್ಲ. ಕನ್ನಡ ಕಿವಿಗೆ ಬೀಳಬೇಕು ಅನ್ನಿಸಿದರೆ ಎರಂಡವಣೆ ಕಡೆ ಕನ್ನಡ ಸಂಘ ಇದೆ. ಉಳಿದದ್ದು ತಾನಾಗಿ ಗೊತ್ತಾಗುತ್ತದೆ.

ಎರಡನೆಯದು ನನಗೆ ಪ್ರೀತಿಯ ವಿಷಯ. ನೀನು ಕಳಿಸಿದ ಚಿತ್ರ ನೋಡಿದೆ. ಕೆಂಪು ಲಾವಾ ಹೊಳೆ, ನಡುವೆ ಕಬ್ಬಿಣದ ಗೋಪುರಗಳು, ಬೆಂಕಿ ಉಗುಳೋ ಪ್ರಾಣಿ. ಬೇಜಾರಾಗಬೇಡ, ಇದನ್ನು ಎಲ್ಲರೂ ಬಿಡಿಸುತ್ತಾರೆ. ನಿನ್ನ ರೂಮಿನ ಕೆಳಗಿರೋದೇ ಲಾವಾ ಅಂತ ಗೊತ್ತಾ? ಸುಮಾರು 6.6 ಕೋಟಿ ವರ್ಷಗಳ ಹಿಂದೆ ನೆಲ ಬಿರಿದು ಹರಿದದ್ದು, ಪದರದ ಮೇಲೆ ಪದರವಾಗಿ ಕೂತಿದೆ. ಇವತ್ತಿಗೆ ಉಳಿದಿರೋದೇ ಸುಮಾರು 5 ಲಕ್ಷ ಚದರ ಕಿಲೋಮೀಟರ್, ನಮ್ಮ ಬೆಳಗಾವಿ, ವಿಜಯಪುರದವರೆಗೂ. ಸಿಂಹಗಡದ ಕಡೆ ಬೆಟ್ಟಗಳು ಮೆಟ್ಟಿಲು ಮೆಟ್ಟಿಲಾಗಿ ಕಾಣುತ್ತವಲ್ಲ, ಆ ಪದರಗಳು ಒಂದೇ ಸಮ ಸವೆಯದೆ ಹಾಗಾದದ್ದು. ಜಂಗಲಿ ಮಹಾರಾಜ ರಸ್ತೆಯ ಪಾತಾಳೇಶ್ವರ ಗುಡಿಯನ್ನೂ ಇದೇ ಕರಿಗಲ್ಲಿನಲ್ಲಿ ಕೊರೆದಿದ್ದಾರೆ. ಅದು ರಾಷ್ಟ್ರಕೂಟರ ಕಾಲದ್ದು, ಅಂದರೆ ನಮ್ಮ ಮಳಖೇಡದವರು. ಒಂದು ಸಂಜೆ ಹೋಗಿ ಬಾ.

ನಿನಗೆ ಬೇಕಾದ ಸಂಗತಿ ಮುಂದಿದೆ. ಆ ಲಾವಾ ಒಂದೇ ಸಲ ಹರಿದು ಮುಗಿಯಲಿಲ್ಲ. ನಡುನಡುವೆ ನಿಂತಿತು. ಕೆಲವು ಕಡೆ ಕೆರೆ ತುಂಬಿ ಕಪ್ಪೆಗಳು ಸಂಸಾರ ಹೂಡುವಷ್ಟು ಕಾಲ ನಿಂತಿತು. ಮುಂಬೈನ ವರಳಿಯಲ್ಲಿ ಲಾವಾ ಪದರಗಳ ನಡುವೆ ಸಿಕ್ಕಿಕೊಂಡ ಕೆಸರುಗಲ್ಲಿನಲ್ಲಿ ಪುಟ್ಟ ಕಪ್ಪೆಗಳ ಪಳೆಯುಳಿಕೆ ಸಿಕ್ಕಿವೆ. ನಿನ್ನ ಆಟವನ್ನು ಅಂಥ ಬಿಡುವಿನ ಕಾಲದಲ್ಲಿ ಇಟ್ಟು ನೋಡು. ಹಿಂದಿನ ಲಾವಾ ತಣ್ಣಗಾಗಿದೆ, ಮುಂದಿನದು ಯಾವಾಗ ಅಂತ ಗೊತ್ತಿಲ್ಲ.

ಈಗಿರೋ ಜೀವ ನೋಡಬೇಕಿದ್ದರೆ ಸಾತಾರದ ಹತ್ತಿರ ಕಾಸ್ ಪಠಾರ್‌ಗೆ, ಅಂದರೆ ಬೆಟ್ಟದ ಮೇಲಿನ ಬಂಡೆ ಬಯಲಿಗೆ, ಹೋಗು. ಸ್ವಾರಗೇಟ್‌ನಿಂದ ಸಾತಾರಕ್ಕೆ ಎಸ್‌ಟಿ ಬಸ್ಸು ಸಿಗುತ್ತದೆ. ಲಾವಾ ಕಲ್ಲು ಮಳೆ ಬಿಸಿಲಿಗೆ ಕೊಳೆತು ಮೇಲ್ಗಡೆ ಚಿರೆಕಲ್ಲಾಗಿದೆ, ನಿಮ್ಮೂರಲ್ಲಿ ಮನೆ ಕಟ್ಟುತ್ತಾರಲ್ಲ, ಅದೇ. ಮೇ ತಿಂಗಳಲ್ಲಿ ಬರೀ ಬಂಡೆ, ಅಲ್ಲಲ್ಲಿ ಒಣ ಹುಲ್ಲು. ಸೆಪ್ಟೆಂಬರ್‌ನಲ್ಲಿ ಕಾಲಿಡಲು ಜಾಗ ಇಲ್ಲದಷ್ಟು ಹೂವು. 2012ರಲ್ಲಿ ಪಶ್ಚಿಮ ಘಟ್ಟದ ಜೊತೆ ವಿಶ್ವ ಪರಂಪರೆಯ ಪಟ್ಟಿಗೂ ಸೇರಿತು. ಜನ ನಿಂತು ಸೆಲ್ಫಿ ತೆಗೆದು ಹೊರಡುತ್ತಾರೆ. ನೀನು ಹಾಗೆ ಮಾಡಬೇಡ, ದಾರಿಯ ಅಂಚಿನಲ್ಲಿ ಕುಕ್ಕರಗಾಲಲ್ಲಿ ಕೂತು ನೋಡು.

ನೀರು ಜಿನುಗುವಲ್ಲಿ ಕಿರುಬೆರಳ ಉಗುರಿನಷ್ಟು ನೀಲಿ-ನೇರಳೆ ಹೂವು ಕಾಣುತ್ತದೆ. ಮರಾಠಿಯವರು ಸೀತೇಚಿ ಆಸವೆ ಅನ್ನುತ್ತಾರೆ. ನೋಡಲು ಪಾಪದ್ದು. ಆದರೆ ಕೆಳಗೆ, ಒದ್ದೆ ಮಣ್ಣಿನಲ್ಲಿ, ಸಾಸಿವೆಗಿಂತ ಸಣ್ಣ ಚೀಲಗಳಿವೆ. ನೀರಿನ ಹುಳ ಬಾಗಿಲಿಗೆ ತಾಗಿದರೆ ಸಾಕು, ಚೀಲ ಅದನ್ನು ನೀರಿನ ಸಮೇತ ಒಳಗೆಳೆದುಕೊಂಡು ಮುಚ್ಚಿಕೊಳ್ಳುತ್ತದೆ. ಪಕ್ಕದಲ್ಲೇ ಎಲೆಯ ರೋಮಗಳ ತುದಿಗೆ ಅಂಟು ಹನಿ ಇಟ್ಟುಕೊಂಡು ಹುಳ ಹಿಡಿಯೋ ಇನ್ನೊಂದು ಗಿಡ. ಮಣ್ಣು ತೀರಾ ತೆಳು, ಸಾರಜನಕ ಸಿಗೋದು ಕಷ್ಟ. ಅದಕ್ಕೇ ಗಿಡಗಳೂ ಬೇಟೆಗಿಳಿದಿವೆ. ನಿನ್ನ ಬೆಂಕಿ ಪ್ರಾಣಿಗಿಂತ ಇದು ಹೆಚ್ಚು ಹೆದರಿಸುತ್ತದೆ, ಅಲ್ವಾ?

ಬೇಸಿಗೆಯ ಲೆಕ್ಕವೇ ಬೇರೆ. ವಾಯ್‌ತುರಾ ಅನ್ನೋ ಗಿಡ ಮಳೆಗಾಲದಲ್ಲಿ ಹೂಬಿಟ್ಟು, ಆಮೇಲೆ ಗೆಡ್ಡೆಯಾಗಿ ನೆಲದೊಳಗೆ ಮಲಗಿಬಿಡುತ್ತದೆ. ಅದು ಸಾತಾರ ಸುತ್ತಲಿನ ಇಂಥ ಬಂಡೆ ಬಯಲುಗಳ ಗಿಡ. ಇನ್ನು ಕೆಲವು ಮಲಗುವುದೂ ಇಲ್ಲ, ಪೂರ್ತಿ ಒಣಗಿ ಗರಿಗರಿಯಾಗುತ್ತವೆ. ಮಳೆ ಬಿದ್ದರೆ ಅದೇ ಎಲೆ ಮತ್ತೆ ಹಸಿರು. ಪುಣೆಯ ಆಘಾರಕರ್ ಸಂಶೋಧನಾ ಸಂಸ್ಥೆಯವರು ಪಶ್ಚಿಮ ಘಟ್ಟದಲ್ಲಿ ಇಂಥ 62 ಜಾತಿಗಳನ್ನು ಗುರುತಿಸಿದ್ದಾರೆ. ಸತ್ತಂತೆ ಕಾಣೋ ನೆಲ ಒಂದು ಮಳೆಗೆ ಎದ್ದು ಕೂರೋದನ್ನು ಆಟದಲ್ಲಿ ತೋರಿಸಿದರೆ ಸಾಕು, ಬೇರೆ ಮಾಯಾಜಾಲ ಬೇಡ.

ಗೋಪುರಗಳ ಬಗ್ಗೆಯೂ ಒಂದು ಮಾತು. ಸಾತಾರದ ಚಾಳಕೇವಾಡಿ ಪಠಾರಿನ ತುಂಬ ಗಾಳಿಯಂತ್ರಗಳಿವೆ. ಅವು ಇರುವಲ್ಲಿ ಹದ್ದು, ಗಿಡುಗ ಕಡಿಮೆ. ಹಿಡಿದು ತಿನ್ನುವವರು ಇಲ್ಲದೆ ಓತಿಕ್ಯಾತಗಳು ಹೆಚ್ಚಿವೆ. ಮನುಷ್ಯ ಹತ್ತಿರ ಬಂದರೂ ಬೇಗ ಓಡುವುದಿಲ್ಲ, ಆದರೆ ಮೈ ಸೊರಗಿದೆ. ನಮ್ಮ ಬೆಂಗಳೂರಿನ ಐಐಎಸ್‌ಸಿಯವರು 2018ರಲ್ಲಿ ಇದನ್ನು ಪ್ರಕಟಿಸಿದರು. ನಿನ್ನ ಗೋಪುರಗಳನ್ನು ಸುಮ್ನೆ ನಿಲ್ಲಿಸಬೇಡ, ಅವುಗಳ ಬುಡದಲ್ಲಿ ಯಾರು ಹೆಚ್ಚಿದರು, ಯಾರು ಓಡಿಹೋದರು ಅಂತ ಯೋಚಿಸು.

ಆ ಓತಿಕ್ಯಾತದ ಗಂಡು ಗಂಟಲ ಚೀಲ ಬಿಚ್ಚಿದರೆ ನೀಲಿ, ಕಪ್ಪು, ಕಿತ್ತಳೆ ಮೂರೂ ಬಣ್ಣ ಒಟ್ಟಿಗೆ ಕಾಣುತ್ತವೆ. ಅದನ್ನು ನೋಡಲು ಮಳೆ ಶುರುವಾಗುವ ಮುಂಚೆ, ಬೇಸಿಗೆಯಲ್ಲೇ ಚಾಳಕೇವಾಡಿಗೆ ಹೋಗಬೇಕು. ಕಾಸ್‌ಗೆ ಸೆಪ್ಟೆಂಬರ್‌ನಲ್ಲಿ, ಶನಿವಾರ ಭಾನುವಾರ ಬಿಟ್ಟು. ಟಿಕೆಟ್ ಮುಂಚೆಯೇ ಮಾಡಿಸು, ಜಾರದ ಚಪ್ಪಲಿ ಹಾಕಿಕೋ. ರಜೆ ಕೇಳಲು ನಿಮ್ಮ ಬಾಸ್‌ಗೆ ಆಫೀಸ್ ಕೆಲಸ ಅಂತಲೇ ಹೇಳು, ಸುಳ್ಳೇನಲ್ಲ.