"ವಿದಿನ್ ಫ್ರೈಡೇ" ಯಾಕೆ ತಪ್ಪು? "ಶುಕ್ರವಾರದೊಳಗೆ" ಅನ್ನಲು ಇಂಗ್ಲಿಷಿನಲ್ಲಿ ಯಾವ ಪದ?

ಆಫೀಸಿನ ಮೇಲ್‌ನಲ್ಲಿ ನೀವು "ಐ ವಿಲ್ ಸೆಂಡ್ ದ ರಿಪೋರ್ಟ್ ವಿದಿನ್ ಫ್ರೈಡೇ" ಎಂದು ಬರೆದಿರಿ, ಮ್ಯಾನೇಜರ್ ಅದನ್ನು "ಬೈ ಫ್ರೈಡೇ" ಎಂದು ತಿದ್ದಿದರು. ಒಳಗೆ ಅಂದರೆ ವಿದಿನ್ ತಾನೇ ಅನ್ನುವುದು ನಿಮ್ಮ ಅನುಮಾನ. ತಿದ್ದಿದ್ದು ಸರಿ. ಗೋಜಲು ಇರುವುದು ನಮ್ಮ "ಒಳಗೆ"ಯಲ್ಲಿ. ಕನ್ನಡದಲ್ಲಿ "ಶುಕ್ರವಾರದೊಳಗೆ" ಅಂತಲೂ ಅನ್ನುತ್ತೇವೆ, "ಮೂರು ದಿನದೊಳಗೆ" ಅಂತಲೂ ಅನ್ನುತ್ತೇವೆ. ಮೊದಲನೆಯದು ಗಡುವು, ಎರಡನೆಯದು ಅವಧಿ. ಇಂಗ್ಲಿಷ್ ಇವೆರಡಕ್ಕೂ ಬೇರೆ ಬೇರೆ ಪದ ಇಟ್ಟುಕೊಂಡಿದೆ.

ಮುಂದೆ ಬರುವ ಪದಕ್ಕೆ ಒಂದು ಪ್ರಶ್ನೆ ಹಾಕಿ ನೋಡಿ. ಅದು "ಯಾವಾಗ?" ಅನ್ನುವುದಕ್ಕೆ ಉತ್ತರವಾದರೆ ಬೈ: ಬೈ ಫ್ರೈಡೇ, ಬೈ ಫೈವ್ ಓ'ಕ್ಲಾಕ್, ಬೈ 31 ಮಾರ್ಚ್. "ಎಷ್ಟು ದಿನ, ಎಷ್ಟು ಹೊತ್ತು?" ಅನ್ನುವುದಕ್ಕೆ ಉತ್ತರವಾದರೆ ವಿದಿನ್: ವಿದಿನ್ ತ್ರೀ ಡೇಸ್, ವಿದಿನ್ ಆ್ಯನ್ ಅವರ್. ನೋಟಿಸುಗಳಲ್ಲಿ ಬರುವ "ವಿದಿನ್ 30 ಡೇಸ್ ಆಫ್ ರಿಸೀಟ್" ಕೂಡ ಇದೇ ಲೆಕ್ಕ; ಎಣಿಕೆ ಎಲ್ಲಿಂದ ಶುರು ಅನ್ನುವುದನ್ನು ಆ "ಆಫ್" ಹೇಳುತ್ತದೆ. "ಈ ವಾರದೊಳಗೆ" ಅನ್ನಬೇಕಾದಾಗ ನಾನಾದರೆ "ಬೈ ದಿ ಎಂಡ್ ಆಫ್ ದಿಸ್ ವೀಕ್" ಎಂದು ಬರೆಯುತ್ತೇನೆ. ವಾರ ಶುಕ್ರವಾರಕ್ಕೆ ಮುಗಿಯುತ್ತದೋ ಭಾನುವಾರಕ್ಕೋ ಎಂಬ ತಕರಾರು ಬರುವಂತಿದ್ದರೆ ದಿನದ ಹೆಸರನ್ನೇ ಬರೆಯುವುದು ಮೇಲು.

ಬೈ ಫ್ರೈಡೇ ಅಂದರೆ ಶುಕ್ರವಾರವೂ ಸೇರಿತು. ಬಿಫೋರ್ ಫ್ರೈಡೇ ಅಂದರೆ ಗುರುವಾರಕ್ಕೇ ಮುಗಿಯಬೇಕು. ಅರ್ಜಿ ನಮೂನೆಗಳಲ್ಲಿ "ಆನ್ ಆರ್ ಬಿಫೋರ್" ಎಂದು ಹಾಕುವುದು ಈ ಜಗಳವೇ ಬೇಡ ಎಂದು.

ಇನ್ನು "ಇನ್". "ಐ ವಿಲ್ ಕಾಲ್ ಯೂ ಇನ್ ಟೆನ್ ಮಿನಿಟ್ಸ್" ಅಂದರೆ ಹತ್ತು ನಿಮಿಷ ಬಿಟ್ಟು ಮಾಡುತ್ತೇನೆ ಎಂದು. "ವಿದಿನ್ ಟೆನ್ ಮಿನಿಟ್ಸ್" ಅಂದರೆ ಎರಡು ನಿಮಿಷಕ್ಕೂ ಮಾಡಬಹುದು, ಹತ್ತು ಮಾತ್ರ ದಾಟುವುದಿಲ್ಲ. "ಹತ್ತು ನಿಮಿಷ ಆದಮೇಲೆ" ಅನ್ನುವುದನ್ನು ನಮ್ಮವರು "ಆಫ್ಟರ್ ಟೆನ್ ಮಿನಿಟ್ಸ್" ಅನ್ನುತ್ತಾರೆ. ಅರ್ಥವಾಗುತ್ತದೆ, ಆದರೆ ಈಗಿನಿಂದ ಎಣಿಸುವಾಗ ಅಲ್ಲಿ ಸಹಜವಾದ ಪದ "ಇನ್".

ನಿಜವಾಗಿ ಪೆಟ್ಟು ಬೀಳುವುದು "ಅಂಟಿಲ್"ನಲ್ಲಿ. "ಶುಕ್ರವಾರದವರೆಗೆ ಅರ್ಜಿ ಕೊಡಬಹುದು" ಅನ್ನುವುದನ್ನು ಮನಸ್ಸಿನಲ್ಲಿಟ್ಟುಕೊಂಡು "ಪ್ಲೀಸ್ ಸಬ್‌ಮಿಟ್ ದ ಫಾರ್ಮ್ ಅಂಟಿಲ್ ಫ್ರೈಡೇ" ಎಂದು ಬರೆದರೆ, ಶುಕ್ರವಾರದ ತನಕ ಕೊಡುತ್ತಲೇ ಇರಿ ಎಂದಾಗುತ್ತದೆ. ಅಂಟಿಲ್ ಬೇಡುವುದು ಅಲ್ಲಿಯತನಕ ಎಡೆಬಿಡದೆ ಇರುವಂಥದ್ದನ್ನು: ಕಾಯುವುದು, ಅಂಗಡಿ ತೆರೆದಿರುವುದು, ರಜೆಯಲ್ಲಿರುವುದು. ಕೊಡುವುದು, ಕಳಿಸುವುದು, ಮುಗಿಸುವುದು ಒಂದೇ ಸಲಕ್ಕೆ ಆಗಿಹೋಗುವ ಕೆಲಸ, ಅವಕ್ಕೆ ಬೈ. ಹಾಗಿದ್ದರೂ "ಯೂ ಕ್ಯಾನ್ ಸಬ್‌ಮಿಟ್ ದ ಫಾರ್ಮ್ ಅಂಟಿಲ್ ಫ್ರೈಡೇ" ಸರಿ. ಅಲ್ಲಿ ಶುಕ್ರವಾರದ ತನಕ ಮುಂದುವರಿಯುವುದು ಕೊಡುವ ಕೆಲಸವಲ್ಲ, ಕೊಡಬಹುದೆಂಬ ಅವಕಾಶ. ಒಂದು "ಕ್ಯಾನ್" ಸೇರಿದ್ದಕ್ಕೇ ಬೇಕಾದ ಪದ ಬದಲಾಗುತ್ತದೆ. "ಅಂಟಿಲ್" ಬದಲು "ಟಿಲ್" ಬರೆದರೂ ತಪ್ಪಿಲ್ಲ, ಅದು ಅಂಟಿಲ್‌ನ ಮೊಟಕು ರೂಪವಲ್ಲ, ಅದಕ್ಕಿಂತ ಹಳೆಯ ಪದ. "ಅಪ್ ಟು" ಮಾತ್ರ ಎರಡು ಪದ, ಕೂಡಿಸಿ ಬರೆಯಬೇಡಿ.

ನೀವು ಕೇಳಿಲ್ಲ, ಆದರೆ ಇದೇ ಬೇರಿನ ಇನ್ನೊಂದು ತಪ್ಪು ನಮ್ಮ "ಇಂದ"ದ್ದು. "2021ರಿಂದ", "ಮೂರು ವರ್ಷದಿಂದ" ಎರಡಕ್ಕೂ ನಮಗೆ ಒಂದೇ ಪ್ರತ್ಯಯ. ಇಂಗ್ಲಿಷಿಗೆ ಮೊದಲನೆಯದು "ಸಿನ್ಸ್ 2021", ಎರಡನೆಯದು "ಫಾರ್ ತ್ರೀ ಇಯರ್ಸ್". ಮೇಲಿನ ಪ್ರಶ್ನೆಯೇ ಇಲ್ಲಿಗೂ ಸಾಕು. ಆದರೆ ಪದ ಸರಿಹೋದರೂ ಕ್ರಿಯಾಪದ ಕೈಕೊಡುತ್ತದೆ. "ಕೆಲಸ ಮಾಡ್ತಾ ಇದ್ದೀನಿ" ಅನ್ನುವುದು "ಐ ಆ್ಯಮ್ ವರ್ಕಿಂಗ್ ಹಿಯರ್ ಸಿನ್ಸ್ 2021" ಎಂದು ಹೊರಬರುತ್ತದೆ. ಹಿಂದೆ ಶುರುವಾಗಿ ಈಗಲೂ ನಡೆದಿರುವುದಕ್ಕೆ "ಐ ಹ್ಯಾವ್ ಬೀನ್ ವರ್ಕಿಂಗ್" ಬೇಕು. ಮುಂದೆ ಶುರುವಾಗುವುದಕ್ಕೆ ಸಿನ್ಸ್ ಬಾರದು, "ಫ್ರಮ್": "ಐ ವಿಲ್ ಬಿ ಇನ್ ಮೈಸೂರು ಫ್ರಮ್ ಮಂಡೇ".

ರಜೆಯ ಮೇಲ್ ಬರೆಯುವಾಗ ಒಂದು ಎಚ್ಚರ. "ಆನ್ ಲೀವ್ ಟಿಲ್ ಫ್ರೈಡೇ" ಅಂದರೆ ಶುಕ್ರವಾರ ಬರುತ್ತೀರೋ ಇಲ್ಲವೋ ಇಂಗ್ಲಿಷರಿಗೂ ಗೊತ್ತಾಗುವುದಿಲ್ಲ. ಅಮೆರಿಕದವರ "ಮಂಡೇ ತ್ರೂ ಫ್ರೈಡೇ"ಯಲ್ಲಿ ಶುಕ್ರವಾರ ಖಂಡಿತ ಸೇರುತ್ತದೆ, ಆದರೆ ಬ್ರಿಟನ್ನಿನಲ್ಲಿ ಹಾಗೆ ಬರೆಯುವ ರೂಢಿ ಕಡಿಮೆ. "ಬ್ಯಾಕ್ ಆನ್ ಮಂಡೇ" ಎಂದು ಬರೆದುಬಿಡಿ.